ಓಟ್ಸಿಗೆ ನವಣೆಯ ಜೊತೆ: ಮನೆಯಲ್ಲೇ ಹಣ್ಣಿನ ಮೆದು ಬಿಸ್ಕತ್ತು

ಚಿತ್ರದುರ್ಗದ ದೊಡ್ಡ ದಿನಸಿ ಅಂಗಡಿಗಳಲ್ಲಿ ಇಂದು ಎರಡು ಧಾನ್ಯಗಳು ಅಕ್ಕಪಕ್ಕದಲ್ಲಿ ಕುಳಿತಿರುವುದನ್ನು ಕಾಣಬಹುದು. ಒಂದು, ಬಣ್ಣದ ಪೊಟ್ಟಣದಲ್ಲಿ ಠೀವಿಯಿಂದ ನಿಂತಿರುವ ಓಟ್ಸ್. ಇನ್ನೊಂದು, ಸಾದಾ ಚೀಲದೊಳಗೆ ಹಳದಿ ಮಣಿಗಳಂತೆ ಹೊಳೆಯುವ ನವಣೆಯಕ್ಕಿ. ಮೊದಲನೆಯದು ಆಸ್ಟ್ರೇಲಿಯದಂತಹ ದೂರದ ದೇಶದಿಂದ ಹಡಗೇರಿ ಬಂದುದಾಗಿರಬಹುದು. ಎರಡನೆಯದು ಹೊಸದುರ್ಗದ ಹೊಲದಿಂದ ಒಂದೆರಡು ಗಂಟೆಯ ದಾರಿ ನಡೆದು ಬಂದುದಾಗಿರಬಹುದು. ಆದರೂ ನಮ್ಮ ಪೇಟೆಯ ಮನೆಗಳ ಮಕ್ಕಳಿಗೆ ದೂರದಿಂದ ಬಂದ ನೆಂಟನ ಪರಿಚಯವೇ ಹೆಚ್ಚು. ನವಣೆಯೆಂದರೆ ಅದು ಅಜ್ಜಿಯ ಕಾಲದ ಮಾತು, ಇಲ್ಲವೇ ಅಪ್ಪನಿಗೆ ವೈದ್ಯರು ಹೇಳಿದ ಪಥ್ಯ.

ಈ ಎರಡು ಧಾನ್ಯಗಳನ್ನೂ ಒಂದೇ ತಟ್ಟೆಯಲ್ಲಿ ಕೂಡಿಸುವ ತಿನಿಸೊಂದುಂಟು. ಬಾಳೆಹಣ್ಣು, ಖರ್ಜೂರ, ಒಣದ್ರಾಕ್ಷಿಗಳನ್ನು ಸೇರಿಸಿ ಮನೆಯಲ್ಲೇ ಬೇಯಿಸಬಹುದಾದ ಮೆತ್ತನೆಯ ಓಟ್ಸ್ ಬಿಸ್ಕತ್ತು ಅದು. ಅದನ್ನು ಮಾಡುವ ಕ್ರಮವನ್ನು ತಿಳಿಸುವುದು ಈ ಲೇಖನದ ಮೊದಲ ಉದ್ದೇಶ. ಅದರಲ್ಲಿ ಓಟ್ಸಿನ ಪಾಲಿನ ಒಂದಂಶವನ್ನು ನಮ್ಮ ನೆಲದ ಧಾನ್ಯಕ್ಕೆ ಹೇಗೆ ಬಿಟ್ಟುಕೊಡಬಹುದು, ಹಾಗೆ ಬಿಟ್ಟುಕೊಡುವುದರಿಂದ ಯಾರಿಗೆ ಏನು ಲಾಭ ಎಂಬುದನ್ನು ವಿಚಾರಿಸುವುದು ಎರಡನೆಯ ಉದ್ದೇಶ.

ಬಿಸ್ಕತ್ತು, ಕುಕ್ಕಿ, ತಂಬಿಟ್ಟು

ಬಿಸ್ಕತ್ತೆಂಬ ಶಬ್ದದ ಮೂಲ ಲ್ಯಾಟಿನ್ ಭಾಷೆಯಲ್ಲಿದೆ. ಅದರ ಅರ್ಥ ‘ಎರಡು ಬಾರಿ ಬೇಯಿಸಿದ್ದು’ ಎಂದು. ತಿಂಗಳುಗಟ್ಟಲೆ ಕಡಲಮೇಲಿರುವ ನಾವಿಕರಿಗೆ ಕೆಡದ ಆಹಾರ ಬೇಕಾಗಿತ್ತು. ಅದಕ್ಕಾಗಿ ರೊಟ್ಟಿಯನ್ನು ಮರಳಿ ಒಲೆಗಿಟ್ಟು ಅದರ ತೇವವನ್ನೆಲ್ಲ ತೆಗೆಯುತ್ತಿದ್ದರು. ಕಲ್ಲಿನಂತೆ ಗಟ್ಟಿಯಾಗಿರುವುದೇ ಅದರ ಯೋಗ್ಯತೆಯಾಗಿತ್ತು. ಕುಕ್ಕಿ ಎಂಬ ಶಬ್ದ ಬಂದದ್ದು ಡಚ್ಚರಿಂದ. ‘ಚಿಕ್ಕ ಕೇಕು’ ಎಂದು ಅದರ ಅರ್ಥ. ಅಮೆರಿಕಕ್ಕೆ ವಲಸೆ ಹೋದ ಡಚ್ಚರ ಬಾಯಿಂದ ಅದು ಇಂಗ್ಲಿಷಿಗೆ ಸೇರಿತು. ಕೇಕಿನ ಕುಲಕ್ಕೆ ಸೇರಿದ್ದರಿಂದ ಕುಕ್ಕಿ ಮೆದುವಾಗಿರಬಹುದು, ಒಳಗೆ ತೇವವನ್ನೂ ಉಳಿಸಿಕೊಂಡಿರಬಹುದು. ನಾವು ಮಾಡಹೊರಟಿರುವುದು ಶಬ್ದಾರ್ಥದ ಲೆಕ್ಕದಲ್ಲಿ ಕುಕ್ಕಿ. ಆದರೆ ಕನ್ನಡದ ಮನೆಗಳಲ್ಲಿ ಬಿಸ್ಕತ್ತೆಂಬ ಹೆಸರು ಎರಡಕ್ಕೂ ಸಲ್ಲುತ್ತಿರುವುದರಿಂದ ಇಲ್ಲಿಯೂ ಅದೇ ಹೆಸರನ್ನು ಇಟ್ಟುಕೊಳ್ಳೋಣ.

ವಿಚಾರಮಾಡಿ ನೋಡಿದರೆ ಈ ತಿನಿಸು ನಮಗೆ ತೀರ ಪರಕೀಯವೂ ಅಲ್ಲ. ಹುರಿದ ಹಿಟ್ಟಿಗೆ ಬೆಲ್ಲದ ಪಾಕ, ಕೊಬ್ಬರಿ, ಶೇಂಗಾ, ಏಲಕ್ಕಿ ಸೇರಿಸಿ ಕಟ್ಟುವ ತಂಬಿಟ್ಟು ನಮ್ಮ ಹಬ್ಬಗಳಲ್ಲಿ ಹಿಂದಿನಿಂದಲೂ ಇದೆ. ನವಣೆಯ ಉಂಡೆಯೂ ಉತ್ತರದ ಜಿಲ್ಲೆಗಳಲ್ಲಿ ಪ್ರಸಿದ್ಧವೇ. ಹಿಟ್ಟು, ಸಿಹಿ, ಜಿಡ್ಡು, ಕಾಯಿ ಎಂಬ ಅದೇ ಮೇಳಕ್ಕೆ ಹಣ್ಣಿನ ತಿರುಳನ್ನು ಕೂಡಿಸಿ ಶಾಖದಲ್ಲಿ ಹದವಾಗಿ ಬೇಯಿಸಿದರೆ ಮೆದು ಬಿಸ್ಕತ್ತಾಗುತ್ತದೆ. ತಂಬಿಟ್ಟಿನ ಹದ ಬಲ್ಲ ಕೈಗೆ ಇದು ಕಷ್ಟವಾಗಲಾರದು.

ಓಟ್ಸಿನ ಗುಟ್ಟು

ಓಟ್ಸಿಗೆ ಕನ್ನಡದಲ್ಲಿ ‘ತೋಕೆಗೋಧಿ’ ಎಂಬ ಚೆಲುವಾದ ಹೆಸರುಂಟು. ಆ ಹೆಸರು ಹೇಳಿ ಅಂಗಡಿಯಲ್ಲಿ ಕೇಳಿದರೆ ಮಾತ್ರ ಯಾರೂ ಕೊಡಲಾರರು. 1755ರಲ್ಲಿ ಪ್ರಕಟವಾದ ತನ್ನ ಪ್ರಸಿದ್ಧ ಇಂಗ್ಲಿಷ್ ನಿಘಂಟಿನಲ್ಲಿ ಸ್ಯಾಮ್ಯುಯೆಲ್ ಜಾನ್ಸನ್ ಇದನ್ನು ಇಂಗ್ಲೆಂಡಿನಲ್ಲಿ ಕುದುರೆಗಳಿಗೆ ಹಾಕುವ, ಸ್ಕಾಟ್ಲೆಂಡಿನಲ್ಲಿ ಜನರೇ ಉಣ್ಣುವ ಧಾನ್ಯವೆಂದು ಬರೆದು ಸ್ಕಾಟರನ್ನು ಚುಚ್ಚಿದ. ಬಡವರ ಧಾನ್ಯವೆಂಬ ಮೂದಲಿಕೆಯನ್ನು ನವಣೆಯಂತೆ ಓಟ್ಸೂ ಒಂದು ಕಾಲದಲ್ಲಿ ಕೇಳಿದೆಯೆಂಬುದು ಇದರಿಂದ ತಿಳಿಯುತ್ತದೆ. ಧಾನ್ಯಗಳಿಗೂ ಏಳುಬೀಳಿನ ಕಾಲಗಳಿರುತ್ತವೆ.

ಓಟ್ಸಿನ ಕಾಳನ್ನು ಹಬೆಯಲ್ಲಿ ಬೇಯಿಸಿ, ಉರುಳೆಗಳ ನಡುವೆ ಒತ್ತಿ, ಅವಲಕ್ಕಿಯಂತೆ ಚಪ್ಪಟೆ ಮಾಡಿ ಮಾರುತ್ತಾರೆ. ಹಬೆಗೆ ಎರಡು ಕಾರಣಗಳುಂಟು. ಕಾಳಿನಲ್ಲಿರುವ ಎಣ್ಣೆಯಂಶವನ್ನು ಕೆಡಿಸಿ ಕಮಟುವಾಸನೆ ತರುವ ಕಿಣ್ವವೊಂದು ಅದರಲ್ಲಿದೆ; ಶಾಖಕ್ಕೆ ಅದು ನಿಷ್ಕ್ರಿಯವಾಗುತ್ತದೆ. ಜೊತೆಗೆ ಹಿಟ್ಟಿನಂಶ ಅರ್ಧ ಬೆಂದು, ಮುಂದೆ ನೀರು ಹೀರಲು ಸಿದ್ಧವಾಗುತ್ತದೆ.

ಓಟ್ಸಿನಲ್ಲಿ ಬೀಟಾ ಗ್ಲೂಕಾನ್ ಎಂಬ ಕರಗುವ ನಾರು ಸುಮಾರು ಶೇಕಡಾ 4ರಷ್ಟಿದೆ. ನೀರು ತಾಕಿದೊಡನೆ ಅದು ಲೋಳೆಯಾಗಿ ಊದಿಕೊಳ್ಳುತ್ತದೆ. ಓಟ್ಸಿನ ಗಂಜಿ ಜಾರುವಂತಾಗುವುದು ಇದರಿಂದಲೇ. ರಕ್ತದ ಕೊಲೆಸ್ಟರಾಲನ್ನು ತಗ್ಗಿಸುವುದರಲ್ಲಿ ಇದು ನೆರವಾಗುತ್ತದೆಂದು ಅಮೆರಿಕದ ಆಹಾರ ಮತ್ತು ಔಷಧ ಆಡಳಿತವು 1997ರಲ್ಲಿ ಪೊಟ್ಟಣಗಳ ಮೇಲೆ ಹೇಳಿಕೊಳ್ಳಲು ಒಪ್ಪಿಗೆ ನೀಡಿತು. ಅದಕ್ಕೆ ದಿನಕ್ಕೆ 3 ಗ್ರಾಂ ಬೀಟಾ ಗ್ಲೂಕಾನ್ ಬೇಕೆಂದು ಹೇಳಿದೆ. ಅಷ್ಟು ದೊರೆಯಲು ಸುಮಾರು 75 ಗ್ರಾಂ ಓಟ್ಸ್ ತಿನ್ನಬೇಕು; ಎರಡು ಬಿಸ್ಕತ್ತಿನಿಂದ ಅದು ಸಾಧ್ಯವಿಲ್ಲ. ಆದರೆ ಬಿಸ್ಕತ್ತಿನ ಮಟ್ಟಿಗೆ ಈ ಲೋಳೆಯ ಉಪಕಾರ ಬೇರೆಯೇ ಇದೆ. ಅದು ನೀರನ್ನು ಹಿಡಿದಿಟ್ಟುಕೊಳ್ಳುತ್ತದೆ, ಹಿಟ್ಟನ್ನು ಒಂದಕ್ಕೊಂದು ಅಂಟಿಸುತ್ತದೆ. ಮೊಟ್ಟೆ ಬಳಸದ ಮನೆಗಳಲ್ಲಿಯೂ ಓಟ್ಸಿನ ಬಿಸ್ಕತ್ತು ಮುರಿದು ಪುಡಿಯಾಗದೆ ನಿಲ್ಲುವುದಕ್ಕೆ ಇದೇ ಕಾರಣ.

ಒನಕೆಯ ಕತೆ

ಇನ್ನು ನಮ್ಮ ನೆಲದ ಧಾನ್ಯದ ಕಡೆಗೆ ಹೊರಳೋಣ. ಚಿತ್ರದುರ್ಗ ಜಿಲ್ಲೆ ಮಳೆಯ ನೆರಳಿನ ಸೀಮೆ. ವರ್ಷದ ಸರಾಸರಿ ಮಳೆ 600 ಮಿಲಿಮೀಟರಿನ ಆಸುಪಾಸು. ಹಿರಿಯೂರಿನ ಬಳಿ ವೇದಾವತಿಗೆ ಅಡ್ಡಲಾಗಿ 1898ರಲ್ಲಿ ಆರಂಭವಾಗಿ 1907ರಲ್ಲಿ ಮುಗಿದ ವಾಣಿವಿಲಾಸ ಸಾಗರವು 1933ರಲ್ಲಿ ಕೋಡಿ ಹರಿದ ಮೇಲೆ ಮತ್ತೆ ಕೋಡಿ ಕಂಡದ್ದು 2022ರಲ್ಲಿ. ನಡುವೆ 89 ವರ್ಷಗಳು ಕಳೆದವು. ನೀರಿನ ವಿಷಯದಲ್ಲಿ ನಮ್ಮ ಸೀಮೆಯ ಭಾಗ್ಯವೆಷ್ಟೆಂಬುದನ್ನು ಇದಕ್ಕಿಂತ ಚೆನ್ನಾಗಿ ಹೇಳುವ ಲೆಕ್ಕ ಬೇರೊಂದಿಲ್ಲ.

ಇಂತಹ ನೆಲದಲ್ಲಿ ನವಣೆ, ಸಾವೆಗಳು ಮೂರು ತಿಂಗಳೊಳಗೆ ಫಲ ಕೊಡುತ್ತವೆ. ಎರಡು ಹದಮಳೆ ಬಿದ್ದರೆ ತೆನೆ ಕಟ್ಟುತ್ತವೆ. ದನಕರುಗಳಿಗೆ ಮೇವನ್ನೂ ಉಳಿಸುತ್ತವೆ. ಸಾವೆಯನ್ನು ಸಾಮೆಯೆಂದೂ ಕರೆಯುವುದುಂಟು. ಹೊಸದುರ್ಗ ತಾಲ್ಲೂಕು ಇಂದಿಗೂ ಸಾವೆಯ ಬೆಳೆಗೆ ಹೆಸರಾಗಿದೆ. ಆದರೂ ಜಿಲ್ಲೆಯ ಉಳಿದೆಡೆಗಳಲ್ಲಿ ಶೇಂಗಾ, ಮೆಕ್ಕೆಜೋಳ, ಈರುಳ್ಳಿಗಳು ಹೊಲವನ್ನು ಹಿಡಿದವು. ಕೊಳವೆಬಾವಿ ಬಂದೆಡೆ ಅಡಕೆ ತೆಂಗುಗಳು ಎದ್ದವು. ಹೊಳಲ್ಕೆರೆಯ ಕಡೆ ಪ್ರಯಾಣ ಮಾಡಿದವರು ರಸ್ತೆಯ ಎರಡೂ ಬದಿಗೆ ಈ ತೋಟಗಳನ್ನು ಕಂಡಿರಬಹುದು.

ಕಿರುಧಾನ್ಯ ಹಿಂದೆ ಸರಿದುದಕ್ಕೆ ಬೆಲೆಯೊಂದೇ ಕಾರಣವಲ್ಲ. ರಾಗಿ, ಜೋಳ, ಸಜ್ಜೆಗಳನ್ನು ಒಕ್ಕಿದರೆ ಸಾಕು, ಬೀಸುಕಲ್ಲಿಗೆ ಹಾಕಬಹುದು. ನವಣೆ, ಸಾವೆ, ಊದಲು, ಹಾರಕ, ಬರಗು, ಕೊರಲೆಗಳಿಗೆ ಗಟ್ಟಿಯಾದ ಹೊಟ್ಟು ಅಂಟಿಕೊಂಡಿರುತ್ತದೆ. ಒಕ್ಕಿದ ಮೇಲೆ ಕುಟ್ಟಬೇಕು, ಕೇರಬೇಕು, ಮತ್ತೆ ಕುಟ್ಟಬೇಕು. ಈ ದುಡಿಮೆಯೆಲ್ಲ ಹೆಂಗಸರ ಪಾಲಿನದು. ಕೋಟೆಯ ಕಿಂಡಿಯ ಬಳಿ ಹೈದರಾಲಿಯ ಸೈನಿಕರನ್ನು ಕಂಡಾಗ ಓಬವ್ವನ ಕೈಗೆ ಥಟ್ಟನೆ ಸಿಕ್ಕಿದ್ದು ಒನಕೆಯೆಂದು ನಾವೆಲ್ಲ ಅಭಿಮಾನದಿಂದ ಹೇಳುತ್ತೇವೆ. ಒನಕೆ ಪ್ರತಿ ಮನೆಯಲ್ಲಿಯೂ ಅಷ್ಟು ಕೈಯಳತೆಯಲ್ಲಿ ಇದ್ದದ್ದೇಕೆ, ಅದನ್ನು ಎತ್ತುವ ತೋಳಿಗೆ ಅಷ್ಟು ಬಲ ಬಂದದ್ದೆಲ್ಲಿಂದ ಎಂಬುದನ್ನು ಕೇಳಿದವರು ಕಡಿಮೆ. ಗಿರಣಿಯ ಅಕ್ಕಿ, ಆಮೇಲೆ ಪಡಿತರದ ಅಕ್ಕಿ ಮನೆಗೆ ಬಂದಾಗ ತಾಯಂದಿರು ಒನಕೆಯನ್ನು ಮೂಲೆಗಿಟ್ಟು ನಿಟ್ಟುಸಿರು ಬಿಟ್ಟರೆ ಅವರನ್ನು ದೂರುವುದು ನ್ಯಾಯವಲ್ಲ. ಆ ಅಕ್ಕಿ ಎಷ್ಟೋ ಹಸಿದ ಹೊಟ್ಟೆಗಳನ್ನು ತುಂಬಿದೆ.

ಈಗ ಹೊಟ್ಟು ಬಿಡಿಸುವ ಯಂತ್ರಗಳು ಬಂದಿವೆ. ಸರ್ಕಾರಗಳ ಗಮನವೂ ಇತ್ತ ಹರಿದಿದೆ. ಭಾರತವು 2018ನ್ನು ರಾಷ್ಟ್ರೀಯ ಸಿರಿಧಾನ್ಯ ವರ್ಷವೆಂದು ಆಚರಿಸಿತು. ಭಾರತದ ಸೂಚನೆಯಂತೆ ವಿಶ್ವಸಂಸ್ಥೆಯು 2021ರಲ್ಲಿ ನಿರ್ಣಯ ಮಾಡಿ 2023ನ್ನು ಅಂತರರಾಷ್ಟ್ರೀಯ ಸಿರಿಧಾನ್ಯ ವರ್ಷವಾಗಿ ಸಾರಿತು. ಕರ್ನಾಟಕ ಸರ್ಕಾರವು 2019–20ರ ಆಯವ್ಯಯದಲ್ಲಿ ‘ರೈತಸಿರಿ’ ಯೋಜನೆಯನ್ನು ಘೋಷಿಸಿ, ಸಿರಿಧಾನ್ಯ ಬೆಳೆಯುವವರಿಗೆ ಹೆಕ್ಟೇರಿಗೆ 10,000 ರೂಪಾಯಿಗಳ ನೆರವನ್ನು ಗೊತ್ತುಮಾಡಿತು. ಹಿರಿಯೂರಿನ ಬಬ್ಬೂರು ಫಾರಂನಲ್ಲಿ ಕೃಷಿ ಸಂಶೋಧನಾ ಕೇಂದ್ರವೂ ಇದೆ.

ಇಷ್ಟೆಲ್ಲ ಇದ್ದರೂ ವರ್ಷಾಚರಣೆಗಳು ವರ್ಷಕ್ಕೆ ಮುಗಿಯುತ್ತವೆ. ರೈತನೊಬ್ಬ ಮುಂದಿನ ಮುಂಗಾರಿಗೆ ನವಣೆ ಬಿತ್ತಬೇಕೋ ಮೆಕ್ಕೆಜೋಳ ಬಿತ್ತಬೇಕೋ ಎಂದು ನಿರ್ಧರಿಸುವಾಗ ನೋಡುವುದು ಕಳೆದ ವರ್ಷದ ನವಣೆ ಮಾರಾಟವಾಯಿತೋ ಇಲ್ಲವೋ ಎಂಬುದನ್ನು. ಪೇಟೆಯ ಮನೆಗಳು ನವಣೆಯನ್ನು ಪಥ್ಯವೆಂದು ತಿಂದರೆ ಪಥ್ಯ ಮುಗಿದೊಡನೆ ಬಿಡುತ್ತವೆ. ಮಕ್ಕಳು ಆಸೆಪಟ್ಟು ಕೇಳುವ ತಿನಿಸಿನಲ್ಲಿ ಅದು ಸೇರಿಕೊಂಡರೆ ತಿಂಗಳ ದಿನಸಿಯ ಚೀಟಿಯಲ್ಲಿ ಅದಕ್ಕೊಂದು ಸಾಲು ಉಳಿಯುತ್ತದೆ. ಬಿಸ್ಕತ್ತಿನಂತಹ ಸಣ್ಣ ವಸ್ತುವನ್ನು ಕುರಿತು ಇಷ್ಟು ದೀರ್ಘವಾಗಿ ಹೇಳುತ್ತಿರುವುದು ಇದಕ್ಕಾಗಿಯೇ.

ನವಣೆಯ ಹಟ

ಓಟ್ಸಿನ ಜಾಗದಲ್ಲಿ ನವಣೆಯ ಹಿಟ್ಟನ್ನು ಹಾಗೆಯೇ ಸುರಿದರೆ ಕೆಲಸ ಕೆಡುತ್ತದೆ. ನವಣೆಯಲ್ಲಿ ಗೋಧಿಯ ಅಂಟೂ ಇಲ್ಲ, ಓಟ್ಸಿನ ಲೋಳೆಯೂ ಇಲ್ಲ. 100 ಗ್ರಾಂ ನವಣೆಯಲ್ಲಿ ಸುಮಾರು 12 ಗ್ರಾಂ ಸಸಾರಜನಕವಿದ್ದು ಅದು ಗೋಧಿಗೆ ಸಮನಾಗಿ ನಿಲ್ಲುತ್ತದೆ. ಆದರೆ ಆ ಸಸಾರಜನಕ ಕಣಕದಂತೆ ಎಳೆಯಾಗಿ ಹಿಗ್ಗುವ ಜಾತಿಯದಲ್ಲ. ಅದರ ಪಿಷ್ಟವು ಬೇಯಲು ಧಾರಾಳವಾದ ನೀರು ಬೇಕು. ಬಿಸ್ಕತ್ತಿನ ಕಣಕದಲ್ಲಿ ಅಷ್ಟು ನೀರಿರುವುದಿಲ್ಲ. ಆದ್ದರಿಂದ ಹಸಿಹಿಟ್ಟು ಹಸಿಯಾಗಿಯೇ ಉಳಿದು, ತಿನ್ನುವಾಗ ನಾಲಗೆಗೆ ಮರಳು ತಾಕಿದಂತಾಗುತ್ತದೆ. ‘ಸಿರಿಧಾನ್ಯದ ಬಿಸ್ಕತ್ತು ಮಾಡಿದೆವು, ಮಕ್ಕಳು ಮುಟ್ಟಲಿಲ್ಲ’ ಎಂಬ ದೂರಿಗೆ ಮೂಲ ಇದು.

ಪರಿಹಾರವನ್ನು ನಮ್ಮ ರೊಟ್ಟಿ ತಟ್ಟುವವರು ಎಂದೋ ಕಂಡುಕೊಂಡಿದ್ದಾರೆ. ಜೋಳದ ಹಿಟ್ಟಿಗೂ ಅಕ್ಕಿಯ ಹಿಟ್ಟಿಗೂ ಕುದಿನೀರು ಹಾಕಿ ನಾದುತ್ತಾರಷ್ಟೆ? ನವಣೆಗೂ ಅದೇ ಉಪಚಾರ ಆಗಬೇಕು. ಹಿಟ್ಟನ್ನು ಮೊದಲು ಸಣ್ಣ ಉರಿಯಲ್ಲಿ ಹುರಿದು ಹಸಿವಾಸನೆ ಕಳೆಯಬೇಕು. ಮೇಲೆ ಕುದಿಯುವ ಹಾಲು ಸುರಿದು ಮುಚ್ಚಿಡಬೇಕು. ಅರ್ಧ ಗಂಟೆಯಲ್ಲಿ ಹಿಟ್ಟು ಅರಳಿ ಮೆತ್ತಗಾಗುತ್ತದೆ. ನವಣೆಯ ಅವಲಕ್ಕಿ ಸಿಕ್ಕುವ ಕಡೆ ಕೆಲಸ ಇನ್ನೂ ಸುಲಭ. ಅದು ಓಟ್ಸಿನಂತೆಯೇ ಮೊದಲೇ ಹಬೆ ಕಂಡದ್ದು.

ಯಾವ ಹಣ್ಣು?

ಮೆದುತನದ ಉಳಿದ ಹೊಣೆ ಹಣ್ಣಿನದು. ಹಣ್ಣಿನ ಸಕ್ಕರೆಗಳಿಗೆ, ಬೆಲ್ಲದ ಒಂದಂಶಕ್ಕೂ ನೀರನ್ನು ಸೆಳೆದು ಹಿಡಿಯುವ ಗುಣವಿದೆ. ಬಿಳಿಸಕ್ಕರೆ ಆರಿದಾಗ ಮತ್ತೆ ಹರಳುಗಟ್ಟಿ ಗರಿಗರಿಯಾಗುತ್ತದೆ; ಬೆಲ್ಲ, ಖರ್ಜೂರ, ಬಾಳೆಹಣ್ಣುಗಳು ಹಾಗೆ ಮಾಡುವುದಿಲ್ಲ.

ನಮ್ಮ ಜಿಲ್ಲೆಯ ಹಣ್ಣುಗಳಲ್ಲಿ ಇದಕ್ಕೆ ಒದಗುವುದು ಬಾಳೆ. ಸಿಪ್ಪೆಯ ಮೇಲೆ ಕಪ್ಪು ಚುಕ್ಕೆ ಬಿದ್ದ, ಅಂಗಡಿಯವನು ಕಡಿಮೆ ಬೆಲೆಗೆ ಕೊಡುವ ಹಣ್ಣೇ ಉತ್ತಮ. ಅದರಲ್ಲಿ ಪಿಷ್ಟವೆಲ್ಲ ಸಕ್ಕರೆಯಾಗಿರುತ್ತದೆ. ಹಿರಿಯೂರು, ಹೊಸದುರ್ಗಗಳ ದಾಳಿಂಬೆ ಎಷ್ಟೇ ರುಚಿಯಾದರೂ ಇಲ್ಲಿಗೆ ಹೊಂದದು. ಶಾಖಕ್ಕೆ ರಸ ಒಡೆದು ಹಿಟ್ಟು ನೀರಾಗುತ್ತದೆ, ಬೀಜ ಹಲ್ಲಿಗೆ ಸಿಕ್ಕುತ್ತದೆ. ಗುಡ್ಡದ ಸೀತಾಫಲವನ್ನಂತೂ ಒಲೆಯ ಹತ್ತಿರಕ್ಕೆ ತರಬಾರದು. ಬಿಸಿ ತಾಕಿದರೆ ಅದರ ತಿರುಳು ಕಹಿಯಾಗುತ್ತದೆ. ಒಣದ್ರಾಕ್ಷಿ ವಿಜಯಪುರದ ಕಡೆಯದು ಚೆನ್ನಾಗಿರುತ್ತದೆ. ಅದನ್ನು ನೆನೆಸದೆ ಹಾಕಿದರೆ ಕಣಕದ ತೇವವನ್ನು ತಾನೇ ಕುಡಿದು ಬಿಸ್ಕತ್ತನ್ನು ಒಣಗಿಸುತ್ತದೆ. ಮೇಲ್ಭಾಗದಲ್ಲಿ ಇಣುಕಿದ ಹಣ್ಣು ಸುಟ್ಟು ಕಹಿಯಾಗುತ್ತದೆ. ಬೆಚ್ಚನೆಯ ನೀರಿನಲ್ಲಿ ಕಾಲು ಗಂಟೆ ನೆನೆಸಿ ಹಿಂಡಿ ಹಾಕುವುದೇ ಕ್ರಮ.

ಬೇಕಾದ ಸಾಮಗ್ರಿ (ಸುಮಾರು 24 ಬಿಸ್ಕತ್ತಿಗೆ)

ಚಪ್ಪಟೆ ಓಟ್ಸ್ – 100 ಗ್ರಾಂ
ನವಣೆಯ ಹಿಟ್ಟು – 60 ಗ್ರಾಂ
ಗೋಧಿಹಿಟ್ಟು – 60 ಗ್ರಾಂ
ಕುದಿಯುವ ಹಾಲು – 60 ಮಿ.ಲೀ. (ನಾಲ್ಕು ದೊಡ್ಡ ಚಮಚ)
ಚೆನ್ನಾಗಿ ಕಳಿತ ಬಾಳೆಹಣ್ಣಿನ ತಿರುಳು – 150 ಗ್ರಾಂ (ಏಲಕ್ಕಿಬಾಳೆಯಾದರೆ ಮೂರು ನಾಲ್ಕು)
ಬೀಜ ತೆಗೆದ ಖರ್ಜೂರ – 80 ಗ್ರಾಂ
ಒಣದ್ರಾಕ್ಷಿ – 40 ಗ್ರಾಂ
ಬೆಲ್ಲದ ಪುಡಿ – 70 ಗ್ರಾಂ
ಬೆಣ್ಣೆ – 80 ಗ್ರಾಂ (ತುಪ್ಪವಾದರೆ 65 ಗ್ರಾಂ)
ಹುರಿದು ತರಿಯಾಗಿ ಕುಟ್ಟಿದ ಶೇಂಗಾ, ಇಲ್ಲವೆ ಕೊಬ್ಬರಿ ತುರಿ – 40 ಗ್ರಾಂ
ಅಡಿಗೆ ಸೋಡ – ಕಾಲು ಟೀ ಚಮಚ
ಉಪ್ಪು – ಒಂದು ಚಿಟಿಕೆ. ಏಲಕ್ಕಿ – ನಾಲ್ಕು

ಮಾಡುವ ಕ್ರಮ

ನವಣೆಯ ಹಿಟ್ಟನ್ನು ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ನಾಲ್ಕೈದು ನಿಮಿಷ, ಘಮ್ಮೆನ್ನುವವರೆಗೆ ಹುರಿಯಿರಿ. ಅದರ ಮೇಲೆ ಕುದಿಯುವ ಹಾಲನ್ನು ಸುರಿದು ಕಲಸಿ, ತಟ್ಟೆ ಮುಚ್ಚಿ ಅರ್ಧ ಗಂಟೆ ಬಿಡಿ. ಇತ್ತ ಖರ್ಜೂರವನ್ನು ಸಣ್ಣಗೆ ಹೆಚ್ಚಿ, ದ್ರಾಕ್ಷಿಯೊಡನೆ ಬೆಚ್ಚನೆಯ ನೀರಿನಲ್ಲಿ ನೆನೆಯಿಡಿ.

ಬೆಣ್ಣೆಯನ್ನೂ ಬೆಲ್ಲದ ಪುಡಿಯನ್ನೂ ಅಗಲವಾದ ಪಾತ್ರೆಯಲ್ಲಿ ಹಾಕಿ, ಬಣ್ಣ ತಿಳಿಯಾಗುವವರೆಗೆ ಕೈಯಿಂದಲೇ ಚೆನ್ನಾಗಿ ತಿಕ್ಕಿರಿ. ಬೆಲ್ಲದಲ್ಲಿ ಕಸಕಲ್ಲು ಇರುವುದುಂಟು, ಮೊದಲೇ ಜರಡಿ ಹಿಡಿಯುವುದು ಕ್ಷೇಮ. ಇದಕ್ಕೆ ಕಿವುಚಿದ ಬಾಳೆಹಣ್ಣು, ಅರಳಿದ ನವಣೆ, ಓಟ್ಸ್ ಇವನ್ನು ಸೇರಿಸಿ ಇಪ್ಪತ್ತು ನಿಮಿಷ ಸುಮ್ಮನೆ ಬಿಡಿ. ಓಟ್ಸ್ ನೀರು ಕುಡಿದು ಮಿಶ್ರಣ ಗಟ್ಟಿಯಾಗುವುದು ಕಣ್ಣಿಗೇ ಕಾಣುತ್ತದೆ. ಆಮೇಲೆ ಹಿಂಡಿದ ಹಣ್ಣುಗಳು ಮತ್ತು ಶೇಂಗಾ. ಗೋಧಿಹಿಟ್ಟು, ಸೋಡ, ಉಪ್ಪು, ಏಲಕ್ಕಿಪುಡಿಗಳನ್ನು ಒಟ್ಟಿಗೆ ಜರಡಿ ಹಿಡಿದು ಎಲ್ಲಕ್ಕಿಂತ ಕೊನೆಗೆ ಹಾಕಿ, ಬೆರೆಯುವಷ್ಟು ಮಾತ್ರ ಕಲಸಿ. ಚಪಾತಿಯಂತೆ ನಾದಿದರೆ ಗೋಧಿಯ ಅಂಟು ಬಲಿತು ಬಿಸ್ಕತ್ತು ಜಿಗುಟಾಗುತ್ತದೆ.

ಓವನ್ನನ್ನು ಹತ್ತು ನಿಮಿಷ ಮೊದಲೇ 170 ಡಿಗ್ರಿ ಸೆಲ್ಸಿಯಸ್‌ಗೆ ಕಾಯಿಸಿಡಿ. ಬಟರ್ ಪೇಪರ್ ಹಾಸಿದ ತಟ್ಟೆಯ ಮೇಲೆ ದೊಡ್ಡ ನಿಂಬೆಗಾತ್ರದ ಉಂಡೆಗಳನ್ನಿಟ್ಟು, ಒದ್ದೆ ಚಮಚದ ಬೆನ್ನಿನಿಂದ ಒಂದು ಸೆಂಟಿಮೀಟರ್ ದಪ್ಪಕ್ಕೆ ಒತ್ತಿರಿ. ಇವು ಬೇಕರಿಯ ಬಿಸ್ಕತ್ತಿನಂತೆ ತಾವಾಗಿ ಹರಡುವುದಿಲ್ಲ. ಹದಿನಾಲ್ಕರಿಂದ ಹದಿನಾರು ನಿಮಿಷ ಸಾಕು. ಅಂಚು ಕೆಂಪಗಾಗಿ, ನಡುಭಾಗ ಒತ್ತಿದರೆ ಇನ್ನೂ ಮೆತ್ತಗಿರುವಾಗಲೇ ಹೊರಗೆ ತೆಗೆಯಬೇಕು. ಬೆಂದಿಲ್ಲವೆಂಬ ಸಂಶಯದಿಂದ ಇನ್ನೈದು ನಿಮಿಷ ಇಟ್ಟವರು ಒಣ ಬಿಸ್ಕತ್ತು ತಿನ್ನಬೇಕಾಗುತ್ತದೆ. ತಟ್ಟೆಯ ಬಿಸಿಯಲ್ಲೇ ಹತ್ತು ನಿಮಿಷ ಬಿಟ್ಟರೆ ನಡುಭಾಗ ತಾನಾಗಿ ಹದಕ್ಕೆ ಬರುತ್ತದೆ.

ಓವನ್ ಇಲ್ಲದ ಮನೆಯಲ್ಲಿ

ಓವನ್ ಇಲ್ಲವೆಂದು ನಿರಾಶರಾಗಬೇಕಾಗಿಲ್ಲ. ಮೇಲೆ ಕೆಳಗೆ ಕೆಂಡವಿಟ್ಟು ಬೇಯಿಸುವ ಉಪಾಯವನ್ನು ನಮ್ಮ ಹಿರಿಯರು ಬಲ್ಲವರಾಗಿದ್ದರು. ಗ್ಯಾಸಿನ ಒಲೆಯ ಕಾಲದಲ್ಲಿ ದಪ್ಪತಳದ ಹಳೆಯ ಪಾತ್ರೆಯೊಂದು ಸಾಕು. ತಳಕ್ಕೆ ಎರಡು ಬೆರಳು ದಪ್ಪ ಹರಳುಪ್ಪು ಅಥವಾ ಶುದ್ಧ ಮರಳು ಹಾಸಿ, ಅದರ ಮೇಲೊಂದು ಸ್ಟ್ಯಾಂಡು ಇಟ್ಟು, ಮುಚ್ಚಳ ಮುಚ್ಚಿ ಹತ್ತು ನಿಮಿಷ ಕಾಯಿಸಿ. ಬಿಸ್ಕತ್ತಿನ ತಟ್ಟೆಯನ್ನು ಸ್ಟ್ಯಾಂಡಿನ ಮೇಲಿಟ್ಟು ಸಣ್ಣ ಉರಿಯಲ್ಲಿ ಇಪ್ಪತ್ತರಿಂದ ಇಪ್ಪತ್ತೈದು ನಿಮಿಷ ಬೇಯಿಸಿ. ಕುಕ್ಕರನ್ನೇ ಬಳಸುವವರು ಅದರ ರಬ್ಬರನ್ನೂ ಸೀಟಿಯನ್ನೂ ತಪ್ಪದೆ ತೆಗೆದಿಡಬೇಕು. ಮೇಲ್ಭಾಗ ಓವನ್ನಿನಷ್ಟು ಕೆಂಪಗಾಗದು. ರುಚಿಗೆ ಅದರಿಂದ ಕೊರತೆಯಿಲ್ಲ.

ಕೆಟ್ಟರೆ ಏಕೆ ಕೆಟ್ಟಿತು?

ಮೊದಲ ಬಾರಿಗೆ ಎಲ್ಲವೂ ಹದವಾಗಿ ಬಂದೇ ಬರುವುದೆಂದು ಹೇಳಲಾಗದು. ತಿನ್ನುವಾಗ ತರಿತರಿಯಾದರೆ ನವಣೆಗೆ ಹಾಲಿನ ಬಿಸಿಯೋ ಸಮಯವೋ ಸಾಲದೆ ಹೋಗಿದೆ. ಮುಟ್ಟಿದರೆ ಪುಡಿಯಾದರೆ ಹಣ್ಣಿನ ತಿರುಳು ಕಡಿಮೆಯಾಗಿದೆ. ಸಾಬೂನಿನ ರುಚಿ ಬಂದು ಬಣ್ಣ ಕಪ್ಪಾದರೆ ಸೋಡ ಹೆಚ್ಚಾಗಿದೆ. ಬಾಳೆ ಮತ್ತು ಬೆಲ್ಲದ ಸ್ವಲ್ಪ ಹುಳಿಯಂಶ ಕಾಲು ಚಮಚಕ್ಕಿಂತ ಹೆಚ್ಚಿನ ಸೋಡವನ್ನು ತಡೆಯಲಾರದು. ಒಳಗೆ ಹಸಿಹಸಿಯಾದರೆ ದ್ರಾಕ್ಷಿ, ಖರ್ಜೂರಗಳನ್ನು ಹಿಂಡದೆ ಹಾಕಿರಬೇಕು.

ಚೆನ್ನಾಗಿ ಬಂದದ್ದೂ ಮರುದಿನಕ್ಕೆ ಗಟ್ಟಿಯಾಗುವುದುಂಟು. ಅದಕ್ಕೆ ನಮ್ಮೂರಿನ ಹವೆಯೇ ಕಾರಣ. ಮಂಗಳೂರಿನಲ್ಲಿ ಗರಿಗರಿಯಾದ ಬಿಸ್ಕತ್ತು ಮೆತ್ತಗಾಗುತ್ತದೆ. ಚಿತ್ರದುರ್ಗದಲ್ಲಿ ಮೆತ್ತನೆಯದು ಗಟ್ಟಿಯಾಗುತ್ತದೆ. ಜೋಗಿಮಟ್ಟಿಯ ನೆತ್ತಿಯಲ್ಲಿ ಗಾಳಿಯಂತ್ರಗಳನ್ನು ತಿರುಗಿಸುವ ಒಣಗಾಳಿ ಡಬ್ಬಿಯೊಳಗಿನ ತೇವವನ್ನೂ ಬಿಡುವುದಿಲ್ಲ. ಪೂರ್ತಿ ಆರಿದೊಡನೆ ಬಿಗಿಮುಚ್ಚಳದ ಡಬ್ಬಿಗೆ ಹಾಕಬೇಕು. ಹೊರಗೆ ಎರಡು ದಿನ, ಫ್ರಿಜ್ಜಿನಲ್ಲಿ ಒಂದು ವಾರ ಇಡಬಹುದು. ಹಣ್ಣಿನ ತೇವವಿರುವ ತಿನಿಸಾದ್ದರಿಂದ ಬೇಸಗೆಯಲ್ಲಿ ಅದಕ್ಕಿಂತ ಹೆಚ್ಚು ಕಾಲ ಹೊರಗಿಟ್ಟರೆ ಬೂಸಲು ಹಿಡಿಯುತ್ತದೆ.

ಕೆಲವು ಎಚ್ಚರಿಕೆಗಳು

ಸಿರಿಧಾನ್ಯವೆಂಬ ಹೆಸರು ಕೇಳಿದೊಡನೆ ಇದು ಸಕ್ಕರೆಕಾಯಿಲೆಯವರಿಗೆ ಔಷಧವೆಂದು ಭಾವಿಸುವವರಿದ್ದಾರೆ. ಬೆಲ್ಲ, ಬಾಳೆ, ಖರ್ಜೂರ ಮೂರೂ ಸೇರಿದ ಈ ತಿನಿಸು ಅವರಿಗೆ ಯಥೇಚ್ಛವಾಗಿ ತಿನ್ನತಕ್ಕದ್ದಲ್ಲ. ಗೋಧಿಯ ಅಂಟು ಒಗ್ಗದ ಕಾಯಿಲೆಯವರಿಗೂ ಇದು ಸಲ್ಲದು. ನವಣೆಯಲ್ಲಿ ಆ ಅಂಟಿಲ್ಲದಿದ್ದರೂ ಇಲ್ಲಿ ಗೋಧಿಹಿಟ್ಟು ಸೇರಿದೆ, ಓಟ್ಸಿನ ಪೊಟ್ಟಣಗಳಲ್ಲಿಯೂ ಗೋಧಿಯ ಬೆರಕೆ ಇರಬಹುದು. ಐದು ವರ್ಷದೊಳಗಿನ ಮಕ್ಕಳಿಗೆ ಮಾಡುವಾಗ ಶೇಂಗಾವನ್ನು ನುಣ್ಣಗೆ ಪುಡಿಮಾಡಿ ಹಾಕಬೇಕು. ಇಡೀ ಕಾಳು ಗಂಟಲಿಗೆ ಅಡರುವ ಅಪಾಯವಿದೆ.

ಪೊಟ್ಟಣದ ಬೆನ್ನು ಓದಿ

ಇಷ್ಟು ಕಷ್ಟವೇಕೆ, ಅಂಗಡಿಯಲ್ಲಿ ಓಟ್ಸಿನ ಬಿಸ್ಕತ್ತೂ ರಾಗಿಯ ಬಿಸ್ಕತ್ತೂ ಸಿದ್ಧವಾಗಿಯೇ ಸಿಕ್ಕುತ್ತವಲ್ಲ ಎಂದು ಕೇಳುವವರು ಪೊಟ್ಟಣವನ್ನು ತಿರುಗಿಸಿ ಅದರ ಬೆನ್ನನ್ನು ಓದಬೇಕು. ತೂಕದಲ್ಲಿ ಯಾವುದು ಹೆಚ್ಚೋ ಅದನ್ನು ಮೊದಲು ಬರೆಯಬೇಕೆಂದು ನಮ್ಮ ದೇಶದ ಆಹಾರ ಕಾನೂನು ವಿಧಿಸಿದೆ. ಮುಂಭಾಗದಲ್ಲಿ ಓಟ್ಸಿನ ತೆನೆಯ ಚಿತ್ರವಿದ್ದು, ಬೆನ್ನಿನ ಪಟ್ಟಿಯಲ್ಲಿ ಮೈದಾ, ಸಕ್ಕರೆ, ತಾಳೆಯೆಣ್ಣೆಗಳಾದ ಮೇಲೆ ಓಟ್ಸಿನ ಸರದಿ ಬಂದರೆ, ಕೊಂಡವರು ಯಾವುದಕ್ಕೆ ಹಣ ಕೊಟ್ಟರೆಂಬುದು ತಾನೇ ಸ್ಪಷ್ಟವಾಗುತ್ತದೆ. ಕೆಲವು ಧಾನ್ಯಗಳ ಪ್ರಮಾಣವನ್ನು ಶೇಕಡಾ ಲೆಕ್ಕದಲ್ಲಿಯೂ ಕೊಟ್ಟಿರುತ್ತಾರೆ, ಅದನ್ನೂ ನೋಡಬೇಕು. ನಮ್ಮ ಲೆಕ್ಕದಲ್ಲಿ ಹಿಟ್ಟುಧಾನ್ಯಗಳ 220 ಗ್ರಾಮಿನಲ್ಲಿ ಓಟ್ಸ್ ಮತ್ತು ನವಣೆ ಸೇರಿ 160 ಗ್ರಾಂ ಇವೆ.

ಮೊದಲ ಸಲ ನವಣೆಯನ್ನು 30 ಗ್ರಾಮಿಗೆ ಇಳಿಸಿ, ಓಟ್ಸನ್ನು ಅಷ್ಟೇ ಏರಿಸಿ ನೋಡಬಹುದು. ಹಾಲನ್ನೂ ಅರ್ಧ ಮಾಡಬೇಕು. ರುಚಿ ಹಿಡಿದ ಮೇಲೆ ಎರಡನ್ನೂ ಸಮಸಮ ಮಾಡಬಹುದು. ಅದಕ್ಕೂ ಮುಂದೆ ಹೋದರೆ ಅಂಟಿಸುವ ಲೋಳೆ ಸಾಲದೆ ಬಿಸ್ಕತ್ತು ಒಡೆಯತೊಡಗುತ್ತದೆ. ಸಾವೆಯ ಹಿಟ್ಟಿನಿಂದಲೂ ಇದೇ ಕ್ರಮದಲ್ಲಿ ಮಾಡಬಹುದು. ಅದರ ಬಣ್ಣ ಬಿಳುಪು, ರುಚಿ ನವಣೆಗಿಂತ ಸೌಮ್ಯ.

ಹಿಟ್ಟನ್ನು ತಿಂಗಳುಗಟ್ಟಲೆ ಕೂಡಿಡುವುದು ತರವಲ್ಲ. ಓಟ್ಸಿಗೆ ಕಾರ್ಖಾನೆಯಲ್ಲಿ ಸಿಕ್ಕ ಹಬೆಯ ರಕ್ಷೆ ನಮ್ಮ ಗಿರಣಿಯ ನವಣೆಹಿಟ್ಟಿಗಿಲ್ಲ; ಅದು ಬೇಗ ಕಮಟಾಗುತ್ತದೆ. ಧಾನ್ಯವನ್ನೇ ಕೊಂಡು, ಅರ್ಧ ಅರ್ಧ ಕಿಲೋ ಬೀಸಿಸಿಕೊಳ್ಳುವುದು ಮೇಲು. ತೀರ ಬೆಳ್ಳಗೆ ಪಾಲಿಷ್ ಮಾಡಿದ ಅಕ್ಕಿಯಲ್ಲಿ ನಾರಿನಂಶ ಹೋಗಿರುತ್ತದೆಂಬುದನ್ನೂ ನೆನಪಿಡಬೇಕು. ಮುಂಗಾರಿಗೆ ಬಿತ್ತಿದ ಬೆಳೆ ಕೊಯ್ಲಾಗುವುದು ಸೆಪ್ಟೆಂಬರು, ಅಕ್ಟೋಬರಿನ ಹೊತ್ತಿಗೆ. ದಸರೆಯಿಂದ ದೀಪಾವಳಿಯವರೆಗೆ ಹೊಸ ಧಾನ್ಯ ಪೇಟೆಗೆ ಬರುತ್ತದೆ. ಮಕ್ಕಳಿಗೆ ರಜೆಯೂ ಆ ದಿನಗಳಲ್ಲೇ. ಅಂಗಡಿಯವನನ್ನು ‘ಇದು ಯಾವ ಊರಿನ ನವಣೆ?’ ಎಂದು ಒಂದು ಮಾತು ಕೇಳಿ, ಎರಡು ಕಿಲೋ ಮನೆಗೆ ತನ್ನಿ. ನಾಲ್ಕು ಗಿರಾಕಿಗಳು ಹೀಗೆ ಕೇಳತೊಡಗಿದರೆ ಉತ್ತರವನ್ನು ತಿಳಿದಿಟ್ಟುಕೊಳ್ಳುವುದು ಅಂಗಡಿಯವನಿಗೂ ಅಗತ್ಯವಾಗುತ್ತದೆ; ಹಾಗೆ ತಿಳಿಯಲು ಅವನು ವಿಚಾರಿಸಬೇಕಾದದ್ದು ಹೊಸದುರ್ಗದ ಕಡೆಯ ಬೆಳೆಗಾರರನ್ನೇ.